ಎಂಟೂವರೆ ಮೀಟರ್‌ನ ಲೆಕ್ಕ: ಕೆರಿಬಿಯನ್ ಹರ್ಡಲ್ಸ್ ಓಟಗಾರ್ತಿಯೊಬ್ಬಳ ಪ್ರಕರಣ ಅಧ್ಯಯನ

ಈ ಬರಹದಲ್ಲಿ ಓಟಗಾರ್ತಿಯ ಹೆಸರನ್ನೂ ಆಕೆಯ ಕೋಚ್‌ಗಳ ಹೆಸರನ್ನೂ ಬೇಕೆಂದೇ ಬಿಡಲಾಗಿದೆ. ಸಮಯ, ಪದಕ, ಕೂಟ ಎಲ್ಲವೂ ಸಾರ್ವಜನಿಕ ಫಲಿತಾಂಶ ಪಟ್ಟಿಯಲ್ಲಿ ಇರುವಂಥವೇ, ಹುಡುಕಲು ಹೊರಟವರಿಗೆ ಯಾರೆಂದು ತಿಳಿಯುವುದು ಕಷ್ಟವಲ್ಲ. ಆದರೆ ಹೆಸರು ಬಂದ ಕೂಡಲೇ ಓದುವವರ ಕಣ್ಣು ಪದಕದ ಕಡೆ ಹೊರಳುತ್ತದೆ. ಹರ್ಡಲ್ಸ್ ಕಲಿಸುವವರು, ಕಲಿಯುವವರು ಇಲ್ಲಿ ಗಮನಿಸಬೇಕಾದದ್ದು ಒಂದು ಅಳತೆ: ಓಡುತ್ತಲೇ ದಾಟಬೇಕಾದ ಅಡ್ಡತಡೆಗಳ, ಅಂದರೆ ಎರಡು ಹರ್ಡಲ್‌ಗಳ, ನಡುವಿನ 8.50 ಮೀಟರ್.

ಹಿನ್ನೆಲೆ

ಹುಟ್ಟಿದ್ದು 1996ರ ಆಗಸ್ಟ್‌ನಲ್ಲಿ, ಬೆಳೆದದ್ದು ಅಮೆರಿಕದ ಸೌತ್ ಕ್ಯಾರೊಲೈನಾದಲ್ಲಿ. ತಾಯಿ ಕೆರಿಬಿಯನ್ ದ್ವೀಪ ಪೋರ್ಟೊ ರಿಕೊದವರು. ಎತ್ತರ ಸುಮಾರು 180 ಸೆಂ.ಮೀ. ಓದಿದ್ದು ಕೆಂಟಕಿಯ ವಿಶ್ವವಿದ್ಯಾಲಯದಲ್ಲಿ. ಅಲ್ಲಿ ಹರ್ಡಲ್ಸ್ ಜೊತೆಗೆ ಬರಿಯ ಓಟ, ರಿಲೇ ಕೂಡ. ಮೊದಲ ವರ್ಷವೇ, 2016ರ ಜೂನ್‌ನಲ್ಲಿ, ಅಮೆರಿಕದ ಕಾಲೇಜುಗಳ ರಾಷ್ಟ್ರೀಯ ಕೂಟದಲ್ಲಿ 100 ಮೀಟರ್ ಹರ್ಡಲ್ಸ್ ಚಿನ್ನ, ಸಮಯ 12.54. ಈ ಅಂಕಿಯ ತೂಕ ನಮ್ಮವರಿಗೆ ಅಂದಾಜಾಗಬೇಕಾದರೆ ಹೀಗೆ ನೋಡಿ: 2022ರ ಅಕ್ಟೋಬರ್‌ನಲ್ಲಿ ಬೆಂಗಳೂರಿನ ಕಂಠೀರವ ಕ್ರೀಡಾಂಗಣದಲ್ಲಿ ಜ್ಯೋತಿ ಯರ್ರಾಜಿ 12.82ರಲ್ಲಿ ಗುರಿ ಮುಟ್ಟಿದ್ದು ಭಾರತದ ದಾಖಲೆಯಾಗಿತ್ತು. ಈಕೆ ಹತ್ತೊಂಬತ್ತನೇ ವಯಸ್ಸಿಗೇ ಅದಕ್ಕಿಂತ 0.28 ಸೆಕೆಂಡ್ ಮುಂದಿದ್ದಳು.

ಮೊದಲ ದೊಡ್ಡ ನಿರ್ಧಾರ ಓಟಕ್ಕೆ ಸಂಬಂಧಿಸಿದ್ದಲ್ಲ, ಬಾವುಟಕ್ಕೆ ಸಂಬಂಧಿಸಿದ್ದು. ಪೋರ್ಟೊ ರಿಕೊದ ಜನ 1917ರಿಂದ ಅಮೆರಿಕದ ಪೌರರು, ಆದರೆ ಒಲಿಂಪಿಕ್ಸ್‌ಗೆ 1948ರಿಂದ ಅವರದೇ ಪ್ರತ್ಯೇಕ ತಂಡ ಹೋಗುತ್ತದೆ. ತಾಯಿಯ ಕಡೆಯಿಂದ ಈಕೆಗೆ ಎರಡೂ ಬಾಗಿಲು ತೆರೆದಿದ್ದವು. ಈಕೆ ಆರಿಸಿಕೊಂಡದ್ದು ದ್ವೀಪವನ್ನು. ಭಾವನೆಯ ಮಾತು ಬದಿಗಿರಲಿ, ಇದರ ತಾಂತ್ರಿಕ ಪರಿಣಾಮ ಸಣ್ಣದಲ್ಲ. ಅಮೆರಿಕ ತಂಡಕ್ಕೆ ಸೇರಬೇಕಾದರೆ ಆಯ್ಕೆ ಕೂಟದ ಒಂದೇ ಒಂದು ಫೈನಲ್‌ನಲ್ಲಿ ಮೊದಲ ಮೂವರೊಳಗೆ ಬರಬೇಕು. ಅದೇ 2016ರ ಜುಲೈನಲ್ಲಿ ಆ ವರ್ಷದ ಅತಿ ವೇಗದ ಓಟಗಾರ್ತಿ ಕೆಂಡ್ರಾ ಹ್ಯಾರಿಸನ್ ಆಯ್ಕೆ ಕೂಟದಲ್ಲಿ ಆರನೆಯವಳಾಗಿ ರಿಯೊ ಒಲಿಂಪಿಕ್ಸ್‌ನ ಅವಕಾಶ ಕಳೆದುಕೊಂಡಳು. ಎರಡು ವಾರ ಕಳೆದು ಲಂಡನ್‌ನಲ್ಲಿ 12.20 ಓಡಿ, ಬಲ್ಗೇರಿಯಾದ ಯೊರ್ಡಾಂಕಾ ಡೊಂಕೊವಾ 1988ರಲ್ಲಿ ಬರೆದಿದ್ದ 12.21ರ ವಿಶ್ವದಾಖಲೆ ಅಳಿಸಿದಳು. ಸಣ್ಣ ದೇಶದವರಿಗೆ ಈ ಕತ್ತಿಯ ಅಲಗಿನ ಮೇಲಿನ ನಡಿಗೆ ಇಲ್ಲ. ಅರ್ಹತಾ ಸಮಯ ಓಡಿದರೆ ಜಾಗ ಬಹುತೇಕ ಖಚಿತ, ದೇಹವನ್ನು ವರ್ಷಕ್ಕೆ ಎರಡು ಸಲ ತುದಿಗೇರಿಸುವ ಬದಲು ಒಮ್ಮೆ ಏರಿಸಿದರೆ ಸಾಕು. ಕೆರಿಬಿಯನ್ ಮೂಲದ ಎಷ್ಟೋ ಓಟಗಾರರ ವೃತ್ತಿ ಈ ಒಂದು ಅನುಕೂಲದ ಮೇಲೆ ನಿಂತಿದೆ. ಆದರೆ ಜಮೈಕಾದವರಿಗೆ ಈ ಮಾತು ಹೊಂದುವುದಿಲ್ಲ. ಅಲ್ಲಿನ ಆಯ್ಕೆ ಕೂಟವೂ ಅಷ್ಟೇ ನಿರ್ದಯ.

ರಿಯೊ, 17 ಆಗಸ್ಟ್ 2016

ಸೆಮಿಫೈನಲ್. ಇಪ್ಪತ್ತನೇ ಹುಟ್ಟುಹಬ್ಬಕ್ಕೆ ನಾಲ್ಕು ದಿನ. ಓಟದ ಕೊನೆಯ ಭಾಗದವರೆಗೆ ಫೈನಲ್ ಕೈಯಲ್ಲೇ ಇತ್ತು. ಅಲ್ಲಿ ಹರ್ಡಲ್‌ಗೆ ಬಡಿದಳು, ಲಯ ಮುರಿಯಿತು, ಮುಂದಿನದನ್ನು ಸರಿಯಾಗಿ ದಾಟಲಾಗಲಿಲ್ಲ. ಫಲಿತಾಂಶ ಪಟ್ಟಿಯಲ್ಲಿ ಸಮಯದ ಜಾಗದಲ್ಲಿ ಬಂದದ್ದು ‘ಅನರ್ಹ’.

ನಾಲ್ಕು ದಿನ ಹಿಂದೆ ಅದೇ ಊರಿನಲ್ಲಿ ಮೋನಿಕಾ ಪ್ಯುಗ್ ಟೆನಿಸ್‌ನಲ್ಲಿ ಪೋರ್ಟೊ ರಿಕೊಗೆ ಒಲಿಂಪಿಕ್ಸ್‌ನ ಮೊಟ್ಟಮೊದಲ ಚಿನ್ನ ತಂದಿದ್ದಳು. ಮರುದಿನವೇ ದ್ವೀಪದ ಇನ್ನೊಬ್ಬ ಹರ್ಡಲ್ಸ್ ಓಟಗಾರ, 2012ರ ಕಂಚಿನ ಹಾವಿಯರ್ ಕುಲ್ಸನ್, 400 ಮೀಟರ್ ಹರ್ಡಲ್ಸ್ ಫೈನಲ್‌ನಲ್ಲಿ ತಪ್ಪು ಆರಂಭ ಮಾಡಿ ಓಡುವ ಮೊದಲೇ ಹೊರನಡೆದ. ಎರಡೇ ದಿನದಲ್ಲಿ ಎರಡು ಹರ್ಡಲ್ಸ್ ಪದಕದ ಆಸೆ ಮಣ್ಣುಪಾಲು.

ರಿಯೊದಲ್ಲಿ ಚಿನ್ನ ಬಂದದ್ದು 12.48ಕ್ಕೆ, ಬೆಳ್ಳಿ 12.59ಕ್ಕೆ. ಈಕೆ ಜೂನ್‌ನಲ್ಲಿ 12.54 ಓಡಿದ್ದಳು ಎಂಬುದನ್ನು ಪಕ್ಕದಲ್ಲಿಟ್ಟು ನೋಡಿದರೆ ಸಮಸ್ಯೆ ಎಲ್ಲಿತ್ತು ಎಂದು ಗೊತ್ತಾಗುತ್ತದೆ. ಕಾಲಲ್ಲಿ ಓಟ ಬೇಕಾದಷ್ಟಿತ್ತು. ಸಾಲದೆ ಬಂದದ್ದು ಜಾಗ.

ಸಮಸ್ಯೆ: ವೇಗ ಹೆಚ್ಚಿದಂತೆ ಹರ್ಡಲ್ ಹತ್ತಿರ ಬರುತ್ತದೆ

ಮಹಿಳೆಯರ 100 ಮೀಟರ್ ಹರ್ಡಲ್ಸ್‌ನ ಅಳತೆ ಬದಲಾಗುವಂಥದ್ದಲ್ಲ. ಓಟ ಶುರುವಾಗುವ ಗೆರೆಯಿಂದ ಮೊದಲ ಹರ್ಡಲ್‌ಗೆ 13 ಮೀಟರ್, ಆಮೇಲೆ 8.50 ಮೀಟರ್‌ಗೊಂದರಂತೆ ಒಟ್ಟು ಹತ್ತು, ಕೊನೆಯದರಿಂದ ಗುರಿಗೆ 10.50 ಮೀಟರ್. ಎತ್ತರ 83.8 ಸೆಂ.ಮೀ. 1972ರ ಮ್ಯೂನಿಕ್ ಒಲಿಂಪಿಕ್ಸ್‌ನಲ್ಲಿ ಈ ಓಟ ಮೊದಲು ಬಂದಾಗ ಚಿನ್ನದ ಸಮಯ 12.59. ಓಡುವವರು ಅಂದಿಗಿಂತ ಎತ್ತರವಾದರು, ವೇಗವಾದರು. ಹರ್ಡಲ್‌ಗಳು ಮಾತ್ರ ಅಲ್ಲೇ ನಿಂತಿವೆ.

ಒಂದು ಅಂಕಣವನ್ನು, ಅಂದರೆ ಒಂದು ಹರ್ಡಲ್‌ನಿಂದ ಮುಂದಿನದರವರೆಗಿನ ಭಾಗವನ್ನು, ಬಿಡಿಸಿ ನೋಡೋಣ. ಒಳ್ಳೆಯ ಓಟಗಾರ್ತಿ ಹರ್ಡಲ್‌ಗೆ ಸುಮಾರು 2 ಮೀಟರ್ ಮೊದಲೇ ನೆಲ ಬಿಡುತ್ತಾಳೆ, ಆಚೆ ಬದಿ ಸುಮಾರು 1.1 ಮೀಟರ್ ದೂರದಲ್ಲಿ ಇಳಿಯುತ್ತಾಳೆ. ದಾಟುವ ಹೆಜ್ಜೆಗೇ 3.1 ಮೀಟರ್ ಹೋಯಿತು. ಉಳಿದದ್ದು 5.4 ಮೀಟರ್, ಅದರಲ್ಲಿ ಮೂರು ಹೆಜ್ಜೆ. ಇಳಿದ ಮೇಲಿನ ಮೊದಲ ಹೆಜ್ಜೆ ಸಹಜವಾಗಿ ಕುಗ್ಗಿರುತ್ತದೆ, 1.6ರ ಆಸುಪಾಸು. ಎರಡನೆಯದು 1.95. ಮೂರನೆಯದನ್ನು ಬೇಕೆಂದೇ ತುಸು ಮೊಟಕು ಮಾಡಿ 1.85ಕ್ಕೆ ತರಬೇಕು, ಇಲ್ಲದಿದ್ದರೆ ನೆಲ ಬಿಡುವ ಕಾಲು (ಟೇಕ್‌ಆಫ್ ಕಾಲು) ಸೊಂಟದ ಕೆಳಗೆ ಬೀಳದೆ ಮುಂದೆ ಬಿದ್ದು ಬ್ರೇಕ್ ಹಾಕಿದಂತಾಗುತ್ತದೆ.

ಇನ್ನು ಈ ಎತ್ತರದ ಓಟಗಾರ್ತಿ ಬರಿಯ ಟ್ರ್ಯಾಕ್‌ನಲ್ಲಿ ಪೂರ್ತಿ ವೇಗದಲ್ಲಿ ಓಡುವಾಗ ಹೆಜ್ಜೆ 2.2 ಮೀಟರ್ ಆಸುಪಾಸು ಇರುತ್ತದೆ. ಮೂರು ಹೆಜ್ಜೆಗೆ 6.6. ಇರುವ ಜಾಗ 5.4. ಮಿಕ್ಕ 1.2 ಮೀಟರ್ ಎಲ್ಲಿಗೆ ಹೋಗಬೇಕು? ಗಿಡ್ಡನೆಯ ಓಟಗಾರ್ತಿಯ ಕಷ್ಟ ಹರ್ಡಲ್ ತನಕ ತಲುಪುವುದು. ಎತ್ತರದವಳ ಕಷ್ಟ ಹರ್ಡಲ್ ಮೈಮೇಲೆ ಬಾರದಂತೆ ನೋಡಿಕೊಳ್ಳುವುದು. ಓಟಕ್ಕೆಂದೇ ಹುಟ್ಟಿದ ಕಾಲುಗಳಿಗೆ ಮೂವತ್ತು ಮೀಟರ್ ಆದ ಮೇಲೆ ‘ಹೆಜ್ಜೆ ಚಿಕ್ಕದು ಮಾಡು, ಆದರೆ ನಿಧಾನ ಮಾಡಬೇಡ’ ಎಂದು ಹೇಳುವುದು ಸುಲಭದ ಮಾತಲ್ಲ.

ಎತ್ತರದಿಂದ ಲಾಭವೂ ಇದೆ, ಅದನ್ನು ಮರೆಯಬಾರದು. ಈ ಮೈಕಟ್ಟಿಗೆ 83.8 ಸೆಂ.ಮೀ. ತೀರಾ ತಗ್ಗು. ಸೊಂಟವನ್ನು ಹೆಚ್ಚು ಎತ್ತಬೇಕಾಗಿಲ್ಲ, ಬದಿಯಿಂದ ನೋಡಿದರೆ ತಲೆ ಹೆಚ್ಚುಕಡಿಮೆ ಒಂದೇ ಮಟ್ಟದಲ್ಲಿ ಸಾಗುತ್ತದೆ. ಆದರೆ ಈ ಲಾಭ ಸಿಗುವುದು ನೆಲ ಬಿಡುವ ಜಾಗ ಸರಿಯಿದ್ದರೆ ಮಾತ್ರ.

ಜಾಗ ತಪ್ಪಿದರೆ ಆಗುವುದನ್ನು ನಿಧಾನ ಚಲನೆಯ ವಿಡಿಯೊದಲ್ಲಿ ಬಿಡಿಬಿಡಿಯಾಗಿ ಕಾಣಬಹುದು. ಟೇಕ್‌ಆಫ್ 2 ಮೀಟರ್ ಬದಲು 1.75ಕ್ಕೆ ಬಂತು ಎನ್ನಿ. ಮುಂದಿನ ಕಾಲಿನ ಮೊಣಕಾಲು ಮಡಿಸಿ ಮೇಲೇಳುವಷ್ಟರಲ್ಲಿ ಅಡ್ಡಪಟ್ಟಿ ಎದುರಿಗೇ ಇರುತ್ತದೆ. ಆಗ ಎರಡೇ ದಾರಿ. ಒಂದು, ಮೇಲಕ್ಕೆ ಹಾರುವುದು. ಗಾಳಿಯಲ್ಲಿ ಹೊತ್ತು ಹೋಗುತ್ತದೆ, ಇಳಿಯುವಾಗ ಹಿಮ್ಮಡಿ ಮೊದಲು ತಾಗುತ್ತದೆ, ಮುಂದಿನ ಮೂರು ಹೆಜ್ಜೆ ಎಳೆದಾಡಿದಂತಾಗುತ್ತದೆ. ಇನ್ನೊಂದು, ಹಾರದೆ ನುಗ್ಗುವುದು. ಮುಂದಿನ ಕಾಲಿನ ಹಿಮ್ಮಡಿ ಪಟ್ಟಿಗೆ ತಾಗಿದರೆ ಹರ್ಡಲ್ ಮುಂದಕ್ಕೆ ಮಗುಚಿಕೊಳ್ಳುತ್ತದೆ, ಅದಕ್ಕೆ ಬೇಕಾದ ಬಲ 3.6ರಿಂದ 4 ಕಿಲೊ ತೂಕದಷ್ಟು. ಹೋಗುವುದು ಸೆಕೆಂಡಿನ ಚೂರು ಮಾತ್ರ. ಹಿಂದಿನ ಕಾಲಿನ ಮೊಣಕಾಲೋ ಪಾದವೋ ಸಿಕ್ಕಿಕೊಂಡರೆ ಕಥೆ ಬೇರೆ: ಸೊಂಟ ತಿರುಗುತ್ತದೆ, ಭುಜ ಎದುರು ದಿಕ್ಕಿಗೆ ತಿರುಗುತ್ತದೆ, ಇಳಿದ ಕಾಲು ಲೇನ್‌ನ ಅಂಚಿಗೆ ಹೋಗುತ್ತದೆ. ಮುಂದಿನ ಹರ್ಡಲ್ ಒಂದು ಸೆಕೆಂಡ್ ದೂರದಲ್ಲಿದೆ. ಅಷ್ಟರಲ್ಲಿ ಮೈ ಸರಿಹೋಗದಿದ್ದರೆ ಎರಡನೆಯದನ್ನು ದಾಟುವ ಬದಲು ಅದರ ಮೂಲಕವೇ ಹಾದುಹೋಗುವುದು.

ಹರ್ಡಲ್ ಬೀಳಿಸುವುದೇ ತಪ್ಪೆಂದು ನಂಬಿರುವವರು ಈಗಲೂ ಇದ್ದಾರೆ. ಬೀಳಿಸಿದ ಮಾತ್ರಕ್ಕೆ ಅನರ್ಹತೆ ಇಲ್ಲ. ಕಾಲು ಹರ್ಡಲ್‌ನ ಪಕ್ಕದಿಂದ ಪಟ್ಟಿಯ ಮಟ್ಟಕ್ಕಿಂತ ಕೆಳಗೆ ಹಾದರೆ, ಕೈಯಿಂದಲೋ ಮೈಯಿಂದಲೋ ಮುಂದಿನ ಕಾಲಿನ ಮೇಲ್ಭಾಗದಿಂದಲೋ ಕೆಡವಿದರೆ, ಬೇರೆಯವರ ಓಟಕ್ಕೆ ಅಡ್ಡಿಯಾದರೆ ಇದೆ. ಲಯ ಮುರಿದವರು ಸಾಮಾನ್ಯವಾಗಿ ಅನರ್ಹರಾಗುವುದು ಈ ದಾರಿಯಲ್ಲೇ.

ಇಂಥ ಅಪಘಾತ ಹೆಚ್ಚಾಗಿ ಏಳರಿಂದ ಒಂಬತ್ತನೇ ಹರ್ಡಲ್ ನಡುವೆ ಆಗುವುದಕ್ಕೆ ಕಾರಣವಿದೆ. ವೇಗ ನಾಲ್ಕರಿಂದ ಆರನೇ ಹರ್ಡಲ್ ಹೊತ್ತಿಗೆ ತುದಿ ಮುಟ್ಟುತ್ತದೆ. ಆಮೇಲೆ ಕಾಲು ದಣಿದು ಮೊಣಕಾಲು ಮೇಲೆ ಬರುವುದು ಕೂದಲೆಳೆಯಷ್ಟು ತಡವಾಗುತ್ತದೆ, ಆದರೆ ಮೈ ಇನ್ನೂ ಅದೇ ವೇಗದಲ್ಲಿ ಮುಂದೆ ಹೋಗುತ್ತಿರುತ್ತದೆ. ಪಕ್ಕದ ಲೇನ್‌ನವಳು ಕಣ್ಣಂಚಿನಲ್ಲಿ ಕಂಡರೆ ಹೆಜ್ಜೆ ಉದ್ದ ಮಾಡುವ ಆಸೆ ಬೇರೆ. ಬರಿಯ ಓಟದಲ್ಲಿ ಗೆಲ್ಲಿಸುವ ಆ ಆಸೆಯೇ ಇಲ್ಲಿ ಬೀಳಿಸುತ್ತದೆ.

ಏನು ಮಾಡಬಹುದಿತ್ತು, ಏನು ಮಾಡಲಾಯಿತು

ಬಿದ್ದ ಓಟಗಾರ್ತಿಯ ಮುಂದೆ ಮೂರು ದಾರಿ ಇರುತ್ತವೆ. ಹರ್ಡಲ್ಸ್ ಬಿಟ್ಟು ಬರಿಯ ಓಟಕ್ಕೆ ಹೊರಳುವುದು ಒಂದು. ಇಷ್ಟು ವೇಗವಿದ್ದವಳಿಗೆ ಅದು ಹುಚ್ಚು ಯೋಚನೆಯೂ ಅಲ್ಲ. ವೇಗ ತಗ್ಗಿಸಿ ಜೋಪಾನವಾಗಿ ದಾಟುವುದು ಇನ್ನೊಂದು. ಹೆಚ್ಚಿನವರು ತಮಗೇ ತಿಳಿಯದೆ ಇದಕ್ಕೆ ಜಾರುತ್ತಾರೆ: ಮೊದಲ ಹರ್ಡಲ್‌ಗೆ ಮುನ್ನವೇ ಒಂದು ಸಣ್ಣ ತಡವರಿಕೆ, ಪ್ರತಿ ಹರ್ಡಲ್ ಮೇಲೂ ಎರಡು ಬೆರಳು ಹೆಚ್ಚು ಎತ್ತರ. ಬೀಳುವುದಿಲ್ಲ, ಗೆಲ್ಲುವುದೂ ಇಲ್ಲ. ಮೂರನೆಯದು ವೇಗವನ್ನು ಹಾಗೇ ಉಳಿಸಿಕೊಂಡು ಹೆಜ್ಜೆಯ ಉದ್ದವನ್ನು ಹೆಜ್ಜೆಯ ಚುರುಕಾಗಿ ಬದಲಿಸುವುದು. ಇದಕ್ಕೆ ವರ್ಷಗಳೇ ಬೇಕು. ಫಲಿತಾಂಶ ಪಟ್ಟಿ ನೋಡಿದರೆ ಈಕೆ ನಡೆದದ್ದು ಮೂರನೇ ದಾರಿಯಲ್ಲಿ.

ಆ ದಾರಿಯಲ್ಲಿ ಕೋಚ್‌ಗಳು ಬಳಸುವ ಸಲಕರಣೆ ಬಹಳವಿಲ್ಲ. ಟೇಪು, ಚಾಕ್‌ಪೀಸು, ಸೆಕೆಂಡಿಗೆ 240 ಚಿತ್ರ ಹಿಡಿಯುವ ಫೋನು, ಐದಾರು ಹರ್ಡಲ್. ಎತ್ತರದ, ವೇಗದ ಓಟಗಾರ್ತಿಗೆ ಅಂತರವನ್ನು 8.50ರಿಂದ 8.20ಕ್ಕೆ, ಕೆಲವೊಮ್ಮೆ 8.00ಕ್ಕೆ ಇಳಿಸುತ್ತಾರೆ, ಎತ್ತರವನ್ನು 76.2ಕ್ಕೆ. ಅಭ್ಯಾಸದ ವೇಗ ಸ್ಪರ್ಧೆಯಷ್ಟಿರುವುದಿಲ್ಲವಲ್ಲ, ಹಾಗಾಗಿ ಪೂರ್ತಿ ಅಂತರ ಇಟ್ಟರೆ ಹೆಜ್ಜೆ ಎಳೆದುಕೊಂಡು ತಲುಪುವ ಕೆಟ್ಟ ರೂಢಿ ಬೀಳುತ್ತದೆ. ಅಂತರ ಕಡಿಮೆ ಇದ್ದರೆ ಕಾಲು ಬೇಗ ಬೇಗ ಬೀಳಲೇಬೇಕು, ಸ್ಪರ್ಧೆಯಲ್ಲಿ ಎದುರಾಗುವ ಇಕ್ಕಟ್ಟು ಅಭ್ಯಾಸದಲ್ಲೇ ಸಿಗುತ್ತದೆ. ಹರ್ಡಲ್‌ನಿಂದ 2 ಮೀಟರ್ ಹಿಂದೆ ಟ್ರ್ಯಾಕ್ ಮೇಲೆ ಒಂದು ಟೇಪು: ಟೇಕ್‌ಆಫ್ ಪಾದ ಅದನ್ನು ದಾಟಿ ಮುಂದೆ ಬೀಳಬಾರದು. ಐದು ಹರ್ಡಲ್‌ಗಳ ಓಟ, ನಾಲ್ಕರಿಂದ ಆರು ಸಲ, ನಡುವೆ ಐದರಿಂದ ಎಂಟು ನಿಮಿಷ ಪೂರ್ತಿ ಬಿಡುವು. ಬಿಡುವು ಕಡಿತ ಮಾಡಿದರೆ ಅದು ಚುರುಕಿನ ಅಭ್ಯಾಸವಾಗಿ ಉಳಿಯದೆ ದಣಿವಿನ ಅಭ್ಯಾಸವಾಗುತ್ತದೆ, ನಮ್ಮ ಮೈದಾನಗಳಲ್ಲಿ ದಿನವೂ ಕಾಣುವ ತಪ್ಪು ಇದೇ. ಕೊನೆಯ ಮೂರು ಹರ್ಡಲ್‌ಗಳಿಗಾಗಿ ಬೇರೆಯದೇ ದಿನ ಇಡುತ್ತಾರೆ. ಆ ದಿನ ಎಂಟು, ಹತ್ತು, ಒಮ್ಮೊಮ್ಮೆ ಹನ್ನೆರಡು ಹರ್ಡಲ್‌ಗಳ ತನಕ ಓಡಿಸಿ, ದಣಿದ ಕಾಲಿನಲ್ಲೂ ಮೊಣಕಾಲು ಹೊತ್ತಿಗೆ ಸರಿಯಾಗಿ ಮೇಲೆ ಬರುತ್ತದೆಯೇ ಎಂದು ನೋಡುವುದು.

ಪ್ರಗತಿ ಅಳೆಯುವುದು ಒಟ್ಟು ಸಮಯದಿಂದಲ್ಲ, ಇಳಿಯುವ ಕಾಲು ನೆಲ ಮುಟ್ಟಿದ ಕ್ಷಣಗಳಿಂದ. ಮೊದಲ ಹರ್ಡಲ್ ದಾಟಿ ಇಳಿಯಲು ಸುಮಾರು 2.50 ಸೆಕೆಂಡ್, ಆಮೇಲಿನ ಒಂಬತ್ತು ಅಂಕಣಗಳಿಗೆ ಸರಾಸರಿ 0.975, ಕೊನೆಯ ಓಟಕ್ಕೆ 1.05 ಎಂದು ಹಿಡಿದರೆ ಒಟ್ಟು 12.32 ಚಿಲ್ಲರೆ. ಈ ಪಟ್ಟಿಯಲ್ಲಿ ಒಂದು ಅಂಕಣ ಇದ್ದಕ್ಕಿದ್ದಂತೆ 0.95ಕ್ಕೆ ಇಳಿದರೆ ಖುಷಿಪಡುವಂತಿಲ್ಲ. ಅದರ ಮುಂದಿನ ಅಂಕಣ 1.02 ಇರುತ್ತದೆ, ಇಲ್ಲವೇ ಹರ್ಡಲ್ ನೆಲದ ಮೇಲಿರುತ್ತದೆ. ಒಂದೇ ಸಮನೆ ಬಡಿಯುವ ಮೃದಂಗದಂತೆ ಅಂಕಿಗಳು ಬರಬೇಕು.

ಈಕೆಯ ವಿಷಯದಲ್ಲಿ ಹೊರಗೆ ಕಂಡದ್ದು ಇಷ್ಟು. 2018ರಲ್ಲಿ 12.40, ಆ ವರ್ಷ ಕಾಲೇಜು ಕೂಟದಲ್ಲಿ ಎರಡನೇ ಚಿನ್ನ. ಕಾಲೇಜು ಮುಗಿದ ಮೇಲೆ ವೃತ್ತಿಪರ ಓಟ, ಹೊಸ ಕೋಚ್. ಸಾಂಕ್ರಾಮಿಕದಿಂದ ಟೋಕಿಯೊ ಕೂಟ 2021ಕ್ಕೆ ಮುಂದೆ ಹೋಯಿತು, ಅನೇಕರಿಗೆ ಪೆಟ್ಟು ಕೊಟ್ಟ ಆ ವಿಳಂಬ ಇಂಥ ನಿಧಾನದ ಕಸುಬಿಗೆ ಒಂದು ವರ್ಷದ ಬೋನಸ್. 2021ರ ಏಪ್ರಿಲ್‌ನಲ್ಲಿ ಫ್ಲಾರಿಡಾದಲ್ಲಿ 12.32 ಬಂತು.

ಟೋಕಿಯೊ

ಮೊದಲ ಸುತ್ತಿನಲ್ಲಿ (ಹೀಟ್ಸ್) 12.41. ಆಗಸ್ಟ್ 1ರ ಸಂಜೆ ಸೆಮಿಫೈನಲ್‌ನಲ್ಲಿ 12.26. 2012ರಲ್ಲಿ ಸ್ಯಾಲಿ ಪಿಯರ್ಸನ್ ಬರೆದಿದ್ದ 12.35ರ ಒಲಿಂಪಿಕ್ ದಾಖಲೆ ಅಳಿಸಿತು. ಐದು ವರ್ಷದ ಹಿಂದೆ ಮುಗ್ಗರಿಸಿದ ಅದೇ ಹಂತ ಇದು, ಸೆಮಿಫೈನಲ್. ಅಲ್ಲಿ ಜೋಪಾನ ಮಾಡದೆ ಓಡಿದ್ದೇ ಈ ಪ್ರಕರಣದ ನಿಜವಾದ ತಿರುವು ಎಂದು ಅನ್ನಿಸುತ್ತದೆ, ಮರುದಿನದ ಪದಕ ಸಮಾರಂಭವಲ್ಲ.

ಫೈನಲ್ ಮರುದಿನ ಬೆಳಗ್ಗೆ. ರಾತ್ರಿ ಕಳೆದರೆ ಓಟ, ಮೈ ಪೂರ್ತಿ ಸುಧಾರಿಸಿಕೊಳ್ಳಲು ಹೊತ್ತಿಲ್ಲ. ವಿಶ್ವದಾಖಲೆ ಆಗ 12.20, ಕೇವಲ 0.06 ಸೆಕೆಂಡ್ ದೂರ. ಈಕೆ ಅದಕ್ಕೇ ಕೈಹಾಕಿದಂತೆ ಓಡಿದಳು, ಓಟದ ನಡುವೆ ಒಂದು ಹರ್ಡಲ್ ತಗುಲಿತು ಕೂಡ. ರಿಯೊದ ತಪ್ಪೇ ಮತ್ತೆ. ಆದರೆ ಈ ಸಲ ಇಳಿದ ಕಾಲು ಸೊಂಟದ ಕೆಳಗೇ ಬಿತ್ತು, ಭುಜ ನೆಟ್ಟಗಿತ್ತು, ಮುಂದಿನ ಮೂರು ಹೆಜ್ಜೆ ಲೆಕ್ಕ ತಪ್ಪಲಿಲ್ಲ. 12.37, ಚಿನ್ನ. ಎರಡನೆಯವಳಾಗಿ ಬಂದ ಹ್ಯಾರಿಸನ್ 12.52. ಹರ್ಡಲ್ಸ್‌ನಲ್ಲಿ 0.15 ಸೆಕೆಂಡ್ ಎಂದರೆ ಒಂದು ಮೀಟರ್‌ಗಿಂತ ಹೆಚ್ಚು ಅಂತರ. ಅಥ್ಲೆಟಿಕ್ಸ್‌ನಲ್ಲಿ ಪೋರ್ಟೊ ರಿಕೊಗೆ ಅದು ಮೊದಲ ಒಲಿಂಪಿಕ್ ಚಿನ್ನ.

ಹರ್ಡಲ್ ತಗುಲದಂತೆ ಓಡುವುದನ್ನು ಕಲಿಸುವುದಕ್ಕಿಂತ ತಗುಲಿದ ಮೇಲಿನ ಒಂದು ಸೆಕೆಂಡನ್ನು ಕಲಿಸುವುದು ಲಾಭ ಎಂಬ ವಾದ ಕೋಚ್‌ಗಳ ನಡುವೆ ಇದೆ. ಈ ಓಟವನ್ನು ಅದಕ್ಕೆ ಸಾಕ್ಷಿಯಾಗಿ ಕೊಡಬಹುದು.

ಚಿನ್ನದ ನಂತರ

2022ರ ಯೂಜೀನ್ ವಿಶ್ವ ಚಾಂಪಿಯನ್‌ಷಿಪ್. ನೈಜೀರಿಯಾದ ಟೋಬಿ ಅಮುಸನ್ ಸೆಮಿಫೈನಲ್‌ನಲ್ಲಿ 12.12ರ ವಿಶ್ವದಾಖಲೆ ಬರೆದಳು. ಫೈನಲ್ ಹೊತ್ತಿಗೆ ಬೆನ್ನ ಹಿಂದಿನ ಗಾಳಿ ಸೆಕೆಂಡಿಗೆ 2.5 ಮೀಟರ್, ಮಿತಿ 2.0. ಅಮುಸನ್‌ಳ 12.06 ಅದರಿಂದಾಗಿ ದಾಖಲೆ ಪುಸ್ತಕಕ್ಕೆ ಹೋಗಲಿಲ್ಲ. ಬರಿಯ ಓಟದಲ್ಲಿ ಹಿಂಗಾಳಿ ವರ. ಹರ್ಡಲ್ಸ್‌ನಲ್ಲಿ ಎತ್ತರದವರಿಗೆ ಅದು ಅರ್ಧ ವರ, ಅರ್ಧ ಶಾಪ: ಹೆಜ್ಜೆಗೆ 3 ಸೆಂ.ಮೀ. ಉದ್ದವಾದರೆ ಮೂರು ಹೆಜ್ಜೆಗೆ ಟೇಕ್‌ಆಫ್ 9 ಸೆಂ.ಮೀ. ಒಳಗೆ ಬರುತ್ತದೆ, ಅದನ್ನು ಓಡುತ್ತಲೇ ಸರಿಪಡಿಸಿಕೊಳ್ಳಬೇಕು. ಅಮುಸನ್ ಗಿಡ್ಡ, ಕಾಲು ಬಹಳ ಚುರುಕು. ಅಂಥ ಗಾಳಿ ಆಕೆಗೆ ಹೇಳಿ ಮಾಡಿಸಿದಂತಿತ್ತು. ನಮ್ಮ ಓಟಗಾರ್ತಿ 12.23, ಜಮೈಕಾದ ಬ್ರಿಟನಿ ಆ್ಯಂಡರ್ಸನ್ ಕೂಡ 12.23. ಸೆಕೆಂಡಿನ ಸಾವಿರದ ಭಾಗದ ಲೆಕ್ಕದಲ್ಲಿ ಬೆಳ್ಳಿ ಅವಳಿಗೆ, ಕಂಚು ಇವಳಿಗೆ.

2023ರ ಬುಡಾಪೆಸ್ಟ್‌ನಲ್ಲಿ ಜಮೈಕಾದ ಡೇನಿಯಲ್ ವಿಲಿಯಮ್ಸ್ 12.43, ಈಕೆ 12.44, ಹ್ಯಾರಿಸನ್ 12.46. ವಿಲಿಯಮ್ಸ್ ಹಿಂದೊಮ್ಮೆ ವಿಶ್ವ ಚಾಂಪಿಯನ್ ಆಗಿದ್ದು 2015ರಲ್ಲಿ, ಎಂಟು ವರ್ಷಗಳ ಹಿಂದೆ. ಈ ಓಟದಲ್ಲಿ ಯಾರನ್ನೂ ಬೇಗ ಮುಗಿದವರ ಪಟ್ಟಿಗೆ ಸೇರಿಸಬಾರದು.

ಹತ್ತು ಹರ್ಡಲ್‌ಗಳಲ್ಲಿ ಒಂದೊಂದರ ಮೇಲೂ 0.01 ಸೆಕೆಂಡ್ ಹೆಚ್ಚು ತೇಲಿದರೆ ಒಟ್ಟು 0.10. ಬುಡಾಪೆಸ್ಟ್‌ನಲ್ಲಿ ಮೊದಲ ಮೂವರ ನಡುವೆ ಇದ್ದದ್ದು 0.03. ಪ್ಯಾರಿಸ್ ಒಲಿಂಪಿಕ್ಸ್‌ನಲ್ಲೂ ಅಷ್ಟೇ, 0.03. ಅಲ್ಲಿ ಅಮೆರಿಕದ ಮಸಾಯ್ ರಸೆಲ್ 12.33, ಫ್ರಾನ್ಸ್‌ನ ಸಿರೆನಾ ಸಂಬಾ-ಮಯೆಲಾ 12.34, ಮೂರನೆಯವಳಾಗಿ ಈಕೆ 12.36.

ಟೋಕಿಯೊದಲ್ಲಿ ಚಿನ್ನ ಕೊಟ್ಟದ್ದು 12.37. ಅದಕ್ಕಿಂತ 0.01 ವೇಗವಾಗಿ ಓಡಿ ಪ್ಯಾರಿಸ್‌ನಲ್ಲಿ ಸಿಕ್ಕಿದ್ದು ಕಂಚು.